ನಲವತ್ತೆರಡನೆಯ ಸಾವು

ಒಂದು ಪದದ ಅರ್ಥ ತನಗೆ ಗೊತ್ತಿದೆ ಎಂದು ಮೊಯ್ದೀನ್ ಕುಂಞಿ ಐದು ವರ್ಷದ ಹಿಂದೆ ಎರಡು ತಿಂಗಳು ನಂಬಿದ್ದ. ಆ ನಂಬಿಕೆಯ ಫಲ ಈಗ ಬಿಳಿ ಕೋಟು ತೊಟ್ಟು, ಕಂಕುಳಲ್ಲಿ ಫೈಲು ಇಟ್ಟುಕೊಂಡು, ಕುವೈತಿನ ಖೈತಾನಿನಲ್ಲಿರುವ ಟೈಪಿಂಗ್ ಸೆಂಟರಿನ ಗಾಜಿನ ಬಾಗಿಲ ಹೊರಗೆ ನಿಂತು, ಗಾಜಿನಲ್ಲಿ ತನ್ನ ಮುಖ ನೋಡಿ ಹುಬ್ಬು ತೀಡಿಕೊಳ್ಳುತ್ತಿತ್ತು. ಪ್ರತಿ ಸಲವೂ ಹಾಗೇ. ಕ್ವಾಕು ಬೊಟ್ವೆ ಒಳಗೆ ಬರುವ ಮೊದಲು ಗಾಜಿನ ಎದುರು ಅರ್ಧ ನಿಮಿಷ ನಿಲ್ಲುತ್ತಾನೆ. ಕೌಂಟರಿನ ಹಿಂದೆ ಕೂತ ಮೊಯ್ದೀನ್ ಕುಂಞಿಗೆ ಅವನು ತನ್ನನ್ನೇ ದಿಟ್ಟಿಸುತ್ತಿದ್ದಾನೆ ಎನಿಸುತ್ತದೆ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಇಲ್ಲಿ ಕಳ್ಳ ಎಂದವರೂ ಇಲ್ಲ, ಕುಂಬಳಕಾಯಿಯೂ ಇಲ್ಲ, ಆದರೂ ಇವನ ಕೈ ಸದಾ ಹೆಗಲ ಮೇಲೇ. ಬೆಳಿಗ್ಗೆ ಮೋನಪ್ಪ ಫೋನು ಮಾಡಿದಾಗಿನಿಂದ ಆ ಕೈ ಇನ್ನೂ ಕೆಳಗೆ ಇಳಿದಿರಲಿಲ್ಲ. “ಮೊಯ್ದೀನಾಕ, ನಮ್ಮ ಬೂದಣ್ಣನ ಇಕಾಮಾ ಇವತ್ತಿಗೆ ಖಲಾಸ್, ನಾಳೆಯಿಂದ ಇಲ್ಲಿ ಇರ್ಲಿಕ್ಕೆ ಪರವಾನಿಗೆ ಇಲ್ಲ. ಒಂದು ಗಂಟೆಗೆ ಸಿಸ್ಟಂ ಬಂದ್ ಆಗ್ತದೆ. ಅಷ್ಟರೊಳಗೆ ಎಂತಾದ್ರೂ ಮಾಡಿ ಮಾರಾಯ್ರೆ, ಇಲ್ಲದಿದ್ರೆ ಅವ ಸೀದಾ ವಿಮಾನ ಹತ್ತಬೇಕಷ್ಟೆ.”

ಮೋನಪ್ಪ ಬಂಟ್ವಾಳ ಕಡೆಯವನು, ನೀರಿನ ಫಿಲ್ಟರ್ ಮಾರುವ ಕಂಪನಿಯೊಂದರಲ್ಲಿ ಕಾಗದಪತ್ರ ಓಡಾಡಿಸುವ ಕೆಲಸ. ಕ್ವಾಕುವಿಗೆ ಬೂದಣ್ಣ ಎಂದು ಹೆಸರಿಟ್ಟದ್ದು ಅವನೇ. ಘಾನಾ ದೇಶದಲ್ಲಿ ಬುಧವಾರ ಹುಟ್ಟಿದ ಗಂಡಿಗೆ ಕ್ವಾಕು ಎನ್ನುತ್ತಾರೆ ಎಂದು ಕೇಳಿದ ದಿನ ಮೋನಪ್ಪ ಕೌಂಟರಿಗೆ ಬಡಿದು, “ಅಯ್ಯೋ, ನಮ್ಮಲ್ಲೂ ಹಾಗೇ ಅಲ್ವಾ! ಸೋಮವಾರ ಹುಟ್ಟಿದವ ಸೋಮ, ಮಂಗಳವಾರದವ ಅಂಗಾರ, ಶುಕ್ರವಾರದವ ತುಕ್ರ. ನನ್ನ ಅಜ್ಜ ಬೂದ!” ಎಂದಿದ್ದ. ಹಾಗೆಂದವನು ಕೂಡಲೇ ಸ್ವರ ತಗ್ಗಿಸಿ, ಆ ಹೆಸರು ಈಗ ತಮ್ಮ ಮನೆಯ ಯಾವ ಕಾಗದದಲ್ಲೂ ಇಲ್ಲ, ಮಕ್ಕಳು ಹರ್ಷಿತ್, ಅಕ್ಷಿತಾ ಎಂದು ಸೇರಿಸಿದ್ದ. ಕಾಗದದಲ್ಲಿ ಇಲ್ಲದ್ದು ಇಲ್ಲವೇ ಇಲ್ಲ, ಇರುವುದೇ ಇರುವುದು ಎನ್ನುವುದು ಮೊಯ್ದೀನ್ ಕುಂಞಿಗೆ ಇನ್ನೊಬ್ಬರು ಹೇಳಿ ಗೊತ್ತಾಗಬೇಕಾದ ವಿಷಯವಲ್ಲ. ಅವನ ಅನ್ನವೇ ಅದು.

ಅರ್ಥ ಗೊತ್ತಿದೆ ಎಂದು ಅವನು ನಂಬಿದ್ದ ಆ ಪದ ಮುಮಸ್ಸಿಲ್. ಮೊಯ್ದೀನ್ ಕುಂಞಿಯದು ಮದ್ರಸದಲ್ಲಿ ಉಸ್ತಾದರ ಬೆತ್ತದ ಕೆಳಗೆ ಕಲಿತ ಅರಬಿ. ಯಾವ ಅಕ್ಷರ ಗಂಟಲಿನ ಯಾವ ಮೂಲೆಯಿಂದ ಹೊರಡಬೇಕು ಎಂಬುದು ನಿದ್ದೆಯಲ್ಲೂ ಗೊತ್ತು, ಅರ್ಥ ಮಾತ್ರ ಉಸ್ತಾದರಿಗೇ ಬಿಟ್ಟದ್ದು. ಇಪ್ಪತ್ತೆಂಟು ವರ್ಷ ಕುವೈತಿನಲ್ಲಿ ಅರ್ಜಿಗಳನ್ನು ಟೈಪ್ ಮಾಡಿದ್ದೂ ಹಾಗೇ, ಕಂಡದ್ದನ್ನು ಕಂಡ ಹಾಗೆ. ಆದರೆ ಮುಮಸ್ಸಿಲ್ ಎಂಬುದನ್ನು ಅವನು ಯಾರ ಹಂಗೂ ಇಲ್ಲದೆ ತಾನೇ ಪತ್ತೆಹಚ್ಚಿದ್ದ. ಸಂಜೆ ಹೆಂಡತಿ ಸಫೂರಾ ಜೊತೆ ಈಜಿಪ್ಟಿನ ಧಾರಾವಾಹಿ ನೋಡುವಾಗ ನಡುವೆ ನಟರ ಸಂದರ್ಶನ ಬಂದರೆ ಮುಖದ ಕೆಳಗೆ ಆ ಪದ ಮೂಡುತ್ತಿತ್ತು. ಮುಮಸ್ಸಿಲ್ ಎಂದರೆ ನಟ. ಅರವತ್ತರ ಹತ್ತಿರ ಬಂದ ಗಂಡಸು ಬೆತ್ತದ ಪೆಟ್ಟಿಲ್ಲದೆ ಕಲಿತ ಮೊದಲ ಪದ ಎಂದು ಅವನ ಎದೆ ಉಬ್ಬಿತ್ತು. ಅದೇ ವಾರ ಫಿಲ್ಟರ್ ಕಂಪನಿಯ ಪತ್ರ ಬಂತು, ಘಾನಾದಿಂದ ಒಬ್ಬ ಮುಮಸ್ಸಿಲ್ ಬೇಕು, ಇಂಗ್ಲಿಷಿನಲ್ಲಿ ನೇಮಕದ ಕಾಗದ ಮಾಡಿಕೊಡಿ ಎಂದು. ಎದೆ ಉಬ್ಬಿದವನ ಬೆರಳು ‘ಆ್ಯಕ್ಟರ್’ ಎಂದು ಕುಟ್ಟಿಬಿಟ್ಟಿತು. ಕಂಪನಿಯ ಪತ್ರದಲ್ಲಿ ಮುಮಸ್ಸಿಲ್‌ನ ಮುಂದಿದ್ದ ‘ಮಾರಾಟ’ ಎಂಬ ಪದ ಕೆಳಗಿನ ಸಾಲಿಗೆ ಜಾರಿ ಕಂಪನಿಯ ಸೀಲಿನ ಅಡಿಯಲ್ಲಿ ಸಿಕ್ಕಿಕೊಂಡಿತ್ತು. ನೀರು ಮಾರುವವರಿಗೆ ನಟ ಯಾಕೆ ಎಂದು ಹೊಳೆಯಲಿಲ್ಲವೇ ಎಂದು ನೀವು ಕೇಳಬಹುದು. ಕುರಿ ಕಾಯುವವನೆಂದು ಬಂದವ ಮಹಬೂಲಾದಲ್ಲಿ ಮೊಬೈಲ್ ರಿಪೇರಿ ಮಾಡುವ, ಅಡುಗೆಯವನೆಂದು ಬಂದವ ಲಾರಿ ಓಡಿಸುವ ಊರಿನಲ್ಲಿ, ಕಾಗದಕ್ಕೂ ಮನುಷ್ಯನಿಗೂ ತಾಳೆ ನೋಡುತ್ತ ಕೂತರೆ ಸಾಲು ಮುಂದೆ ಹೋಗುವುದಿಲ್ಲ.

ಗೊತ್ತಾದದ್ದು ಎರಡು ತಿಂಗಳ ಮೇಲೆ. ಕೌಂಟರಿಗೆ ಬಂದ ಈಜಿಪ್ಟಿನವನೊಬ್ಬ “ಅನಾ ಮುಮಸ್ಸಿಲ್” ಎಂದ. ಮೊಯ್ದೀನ್ ಕುಂಞಿ ಕಣ್ಣರಳಿಸಿ, ಯಾವ ಸೀರಿಯಲ್ ಎಂದು ಕೇಳಿದ. ಆ ಮನುಷ್ಯ ಇವನನ್ನು ತಲೆಯಿಂದ ಮೇಜಿನವರೆಗೆ ನೋಡಿ, ತಾನು ಟೈರ್ ಕಂಪನಿಯ ಪ್ರತಿನಿಧಿ, ಮುಮಸ್ಸಿಲ್ ಎಂದರೆ ಪ್ರತಿನಿಧಿಯೂ ಹೌದು, ನಿನ್ನನ್ನು ಇಲ್ಲಿ ಕೂರಿಸಿದವರು ಯಾರು ಎಂದು ಕೇಳಿದ. ಸಾಲಿನಲ್ಲಿದ್ದವರು ನಕ್ಕರು. ಮೊಯ್ದೀನ್ ಕುಂಞಿಯೂ ನಕ್ಕ, ನಗುತ್ತಲೇ ಫಿಲ್ಟರ್ ಕಂಪನಿಯ ಕಾಗದ ನೆನಪಾಯಿತು. ಅಷ್ಟು ಹೊತ್ತಿಗೆ ಕ್ವಾಕು ಬೊಟ್ವೆ ಬಂದು ಎರಡು ವಾರವಾಗಿತ್ತು. ತನ್ನೂರು ಕುಮಾಸಿಯಿಂದ ಒಂದು ತಗಡಿನ ಪೆಟ್ಟಿಗೆ ತುಂಬ ವೇಷಗಳನ್ನು ಹೊತ್ತು ತಂದಿದ್ದ. ಮೊದಲ ದಿನವೇ “ಡೈರೆಕ್ಟರ್ ಎಲ್ಲಿ?” ಎಂದು ಕೇಳಿದನಂತೆ, ಮೋನಪ್ಪ ಅವನನ್ನು ಸೀದಾ ಮ್ಯಾನೇಜರನ ಕೋಣೆಗೆ ಕರೆದೊಯ್ದ, ಬಾಗಿಲ ಮೇಲೆ ಹಾಗೇ ಬರೆದಿತ್ತು. ಡೈರೆಕ್ಟರ್ ಒಂದು ಫಿಲ್ಟರ್ ಕೈಗೆ ಕೊಟ್ಟು “ಯಲ್ಲಾ, ಹೊರಡು” ಎಂದ. ಕ್ವಾಕು ಅದನ್ನು ತಿರುಗಿಸಿ ನೋಡಿ, ಇದರಲ್ಲಿ ನನ್ನ ಪಾತ್ರದ ಹಿನ್ನೆಲೆ ಏನು ಎಂದು ಕೇಳಿದ.

ಅವನು ನಿಜವಾದ ನಟ, ಅದರಲ್ಲಿ ಸಂಶಯ ಬೇಡ. ನಲವತ್ತೊಂದು ಸಿನಿಮಾಗಳಲ್ಲಿ ಕಾಣಿಸಿಕೊಂಡಿದ್ದ, ನಲವತ್ತೊಂದರಲ್ಲೂ ಸತ್ತಿದ್ದ. ದರೋಡೆಕೋರರ ಗುಂಡು, ಮಾಟಗಾತಿಯ ಶಾಪ, ಭಾವಮೈದುನನ ವಿಷ, ಒಂದು ಸಲ ಮಹಡಿಯಿಂದ ಬಿದ್ದ ಫ್ರಿಜ್. ಎಲ್ಲದರಲ್ಲೂ ಬಾಯಿ ತೆರೆಯುವ ಮೊದಲೇ ಸಾವು, ಒಂದರಲ್ಲಂತೂ ಚಿತ್ರದ ಹೆಸರು ಬರುವ ಮೊದಲೇ. ಅವನು ಬಿದ್ದ ಮೇಲೆ ಇನ್ನೊಬ್ಬ ಬಂದು ಹೆಣದ ಪಕ್ಕ ಮಂಡಿಯೂರಿ ಎರಡು ಪುಟದ ಡೈಲಾಗ್ ಹೇಳುತ್ತಿದ್ದ, ಜನ ಅಳುತ್ತಿದ್ದದ್ದು ಆ ಇನ್ನೊಬ್ಬನಿಗಾಗಿ. ಊರಿನ ನಟರ ಸಂಘದವರು ಇವನಿಗೆ ಸದಸ್ಯತ್ವದ ಕಾರ್ಡು ಕೊಡಲಿಲ್ಲ, ಮಾತಾಡದವನು ನಟನಲ್ಲ ಎಂದರು. ಹೀಗಿರುವಾಗ ಸಮುದ್ರದಾಚೆಯ ಒಂದು ದೇಶದಿಂದ, ಸೀಲು ಸಹಿ ಸಮೇತ, ಅವನ ಹೆಸರಿನ ಎದುರು ಆ್ಯಕ್ಟರ್ ಎಂದು ಬರೆದ ಕಾಗದ ಬಂದಿತ್ತು. ತಾಯಿ ಅದನ್ನು ಚರ್ಚಿಗೆ ಒಯ್ದು ಗಟ್ಟಿಯಾಗಿ ಓದಿಸಿದಳಂತೆ. ಆಮೇಲೆ ಬಂದ ಕೆಲಸದ ಪರವಾನಿಗೆಯಲ್ಲೂ ಅದೇ ಪದ. ಕ್ವಾಕು ಅದನ್ನು ಲ್ಯಾಮಿನೇಟ್ ಮಾಡಿಸಿ ಎದೆಯ ಜೇಬಿನಲ್ಲಿ ಇಟ್ಟುಕೊಂಡಿದ್ದ, ಬಸ್ಸಿನ ಡ್ರೈವರನಿಗೂ ಕ್ಷೌರಿಕನಿಗೂ ತೋರಿಸುತ್ತಿದ್ದ. ಇದನ್ನೆಲ್ಲ ಅವನೇ ಈ ಕೌಂಟರಿಗೆ ಮೊಣಕೈ ಊರಿ ಹೇಳಿದ್ದು. ಕೇಳುತ್ತ ಕೂತ ಮೊಯ್ದೀನ್ ಕುಂಞಿಗೆ, ನೀನು ತಪ್ಪು ಕಾಗದ ಹಿಡಿದು ಬಂದವನು ಎಂದು ಹೇಳಲು ನಾಲಗೆಯ ತುದಿಯವರೆಗೆ ಬಂದದ್ದು ಅಲ್ಲೇ ಇಂಗಿಹೋಗುತ್ತಿತ್ತು. ಹೇಳಿದರೆ ವಿಷಯ ಮೋನಪ್ಪನಿಗೆ, ಮೋನಪ್ಪನಿಂದ ಡೈರೆಕ್ಟರನಿಗೆ, ಅಲ್ಲಿಂದ ಈ ಸೆಂಟರಿನ ಮಾಲೀಕನಿಗೆ, ತನ್ನ ವೀಸಾಕ್ಕೆ ಹೊಣೆ ನಿಂತ ಕಫೀಲನಿಗೆ ಹೋಗುತ್ತದೆ. ಅರವತ್ತು ದಾಟಿದ, ಡಿಗ್ರಿಯಿಲ್ಲದ ಟೈಪಿಸ್ಟನನ್ನು ಇನ್ನೊಬ್ಬ ಕಫೀಲ ಕಣ್ಣೆತ್ತಿಯೂ ನೋಡುವುದಿಲ್ಲ. ಮಗಳು ನಶ್ರಾಗೆ ಶಾಲೆ ಮುಗಿಯಲು ಇನ್ನೂ ಒಂದು ವರ್ಷವಿತ್ತು.

ಕ್ವಾಕು ಫಿಲ್ಟರ್ ಮಾರಿದ್ದು ತನ್ನ ವಿದ್ಯೆಯಿಂದಲೇ. ಎಗೈಲಾದ, ಖೈತಾನಿನ ಮನೆಗಳ ಬೆಲ್ ಒತ್ತಿ, ಪರವಾನಿಗೆ ತೋರಿಸಿ, ಒಂದು ಲೋಟ ನಲ್ಲಿ ನೀರು ಕೇಳುತ್ತಿದ್ದ. ಕುಡಿದು, ಮಾತಿಲ್ಲದೆ ಸಾಯುತ್ತಿದ್ದ. ಇಪ್ಪತ್ತು ಎಣಿಸುವಷ್ಟರಲ್ಲಿ ಎದ್ದು ಕೂತು ಫಿಲ್ಟರಿನ ಕರಪತ್ರ ಕೊಡುತ್ತಿದ್ದ. ಗಾಬರಿಗೆ ಕೊಂಡವರು ಅರ್ಧ, ಇನ್ನೊಮ್ಮೆ ಸಾಯಿ ಎಂದು ಮಕ್ಕಳು ಹಟ ಹಿಡಿದದ್ದಕ್ಕೆ ಕೊಂಡವರು ಅರ್ಧ. ಕಳೆದ ವರ್ಷ ಒಂದು ಶುಕ್ರವಾರ ಮೊಯ್ದೀನ್ ಕುಂಞಿಯ ಮನೆಗೇ ಬಂದ. ಇವನ ಮನೆ ಎಂದು ತಿಳಿದೇ ಬಂದನೋ, ಸಾಲುಮನೆ ಹಿಡಿದು ಬಂದನೋ, ಇವತ್ತಿಗೂ ತಿಳಿಯದು. ಸಫೂರಾ ಕೊಟ್ಟ ನೀರು ಕುಡಿದ, ಕಾಲರ್ ಸಡಿಲಿಸಿದ, ಇವರು ಊರಿನಿಂದ ತಂದ ಚಾಪೆಯ ಮೇಲೆ ನಿಧಾನಕ್ಕೆ, ಮರ್ಯಾದೆಯಿಂದ ಸತ್ತ. “ಯಾ ಅಲ್ಲಾಹ್! ನಶ್ರಾನ ಉಪ್ಪಾ, ಎಂತ ನೋಡ್ತಾ ನಿಂತದ್ದು, ನೀರು ತನ್ನಿ!” ಎಂದು ಸಫೂರಾ ಕಿರುಚಿ, “ನೀರು ಕುಡಿದೇ ಅಲ್ವಾ ಅವ ಹೀಗಾದದ್ದು, ಬೇಡ, ಬೇಡ! ಕಿವಿಯಲ್ಲಿ ಕಲಿಮಾ ಹೇಳಿಕೊಡಿ!” ಎಂದಳು. ಜೀವ ಹೋಗುವವನ ಕಿವಿಯಲ್ಲಿ ಕಲಿಮಾ ಹೇಳಿಕೊಡುವುದು ಪಕ್ಕದಲ್ಲಿದ್ದವನ ಕರ್ತವ್ಯ. ಮೊಯ್ದೀನ್ ಕುಂಞಿಯ ಉಪ್ಪ ಹೋಗುವಾಗ ಊರಿನಲ್ಲಿದ್ದ ತಮ್ಮನು ಫೋನನ್ನು ಉಪ್ಪನ ಕಿವಿಗೆ ಹಿಡಿದಿದ್ದ, ಇವನು ಇಲ್ಲಿ ಪಾರ್ಕಿಂಗಿನಲ್ಲಿ ನಿಂತು ಹೇಳಿದ್ದ, ನಡುವೆ ಲೈನು ಕಟ್ ಆಯಿತು, ಎಷ್ಟು ಮುಟ್ಟಿತು ಎಂದು ಹೇಳುವವರಿಲ್ಲ. ಆ ಶುಕ್ರವಾರ ಚಾಪೆಯ ಮೇಲೆ ಬಿದ್ದವನ ಹತ್ತಿರ ಹೋಗಲು ಅವನ ಕಾಲು ಬರಲಿಲ್ಲ. ಕೊಂದದ್ದು ನಾನೇ ಎಂದು ಮನಸ್ಸು ಒಂದೇ ಸಮನೆ ಹೇಳುತ್ತಿತ್ತು. ನಶ್ರಾ ಮಾತ್ರ ಫೋನಿನಿಂದ ತಲೆಯೆತ್ತಿ, “ರಿಲ್ಯಾಕ್ಸ್ ಉಪ್ಪಾ, ಹೀ ಈಸ್ ಎ ಲೆಜೆಂಡ್. ಹೀ ಆಲ್ವೇಸ್ ಗೆಟ್ಸ್ ಅಪ್,” ಎಂದಳು. ಅವನು ಎದ್ದ. ಸಫೂರಾ ಎರಡು ಫಿಲ್ಟರ್ ಕೊಂಡಳು.

“ಸಲಾಂ, ಹಾಜಿ,” ಎಂದು ಕ್ವಾಕು ಈಗ ಒಳಗೆ ಬಂದ. ಮೊಯ್ದೀನ್ ಕುಂಞಿ ಹಜ್ಜಿಗೆ ಹೋದವನಲ್ಲ. ಅದನ್ನು ಸರಿಪಡಿಸುವ ಹಕ್ಕು ತನಗಿಲ್ಲ ಎಂದು ಸುಮ್ಮನಿದ್ದ. ಹಿಂದಿನಿಂದ ಮೋನಪ್ಪ ಏದುಸಿರು ಬಿಡುತ್ತ ಬಂದು ಗಡಿಯಾರ ನೋಡಿದ. ಹನ್ನೆರಡೂಕಾಲು. ಪರದೆಯ ಮೇಲೆ ಅರ್ಜಿ ತೆರೆದೇ ಇತ್ತು. ಮೊದಲಾದರೆ ಹುದ್ದೆಯ ಜಾಗದಲ್ಲಿ ಮುಮಸ್ಸಿಲ್ ಎಂಬ ಒಂಟಿ ಪದ ಸಾಕಿತ್ತು. ನಟನೆಂದು ಓದಿಕೊಳ್ಳುವವ ನಟನೆಂದು ಓದಿಕೊಂಡ, ಪ್ರತಿನಿಧಿಯೆಂದವ ಪ್ರತಿನಿಧಿಯೆಂದ, ಐದು ವರ್ಷ ಆ ಪದ ಇಬ್ಬರಿಗೂ ಕೊಡೆ ಹಿಡಿದಿತ್ತು. ಹೊಸ ಅರ್ಜಿಯಲ್ಲಿ ಪಟ್ಟಿಯಿಂದ ಒಂದನ್ನು ಆರಿಸಬೇಕು: ಮುಮಸ್ಸಿಲ್, ನಾಟಕ ಮತ್ತು ಸಿನಿಮಾ, ಇಲ್ಲವೇ ಮುಮಸ್ಸಿಲ್, ಮಾರಾಟ. ಅದರ ಕೆಳಗಿನ ಇಂಗ್ಲಿಷ್ ಸಾಲನ್ನು ಟೈಪಿಸ್ಟನೇ ತುಂಬಬೇಕು, ಅದನ್ನು ಓದುವವರು ಯಾರೂ ಇಲ್ಲ. ಮೊದಲನೆಯದನ್ನು ಒತ್ತಿದರೆ, ಫಿಲ್ಟರ್ ಕಂಪನಿಗೆ ಸಿನಿಮಾ ಯಾಕೆ ಎಂದು ಅರ್ಜಿ ಹಾಗೇ ವಾಪಸು, ಕ್ವಾಕು ಊರಿಗೆ. ಎರಡನೆಯದಾದರೆ ಕ್ವಾಕು ಉಳಿಯುತ್ತಾನೆ, ನಟ ಹೋಗುತ್ತಾನೆ. ಯಾಕೆ ಹೋಗಬೇಕು ಎಂದು ಅವನು ಕೇಳಿದರೆ ಸತ್ಯ ಹೇಳದೆ ಬೇರೆ ಉತ್ತರವಿಲ್ಲ.

“ಎಂತ ಯೋಚನೆ ಮೊಯ್ದೀನಾಕ, ಮಾರಾಟದ್ದು ಒತ್ತಿ ಬಿಡಿ. ಇದಕ್ಕೆ ಪಂಚಾಂಗ ನೋಡ್ಲಿಕ್ಕುಂಟಾ?” ಎಂದ ಮೋನಪ್ಪ.

ಕ್ವಾಕು ಎದೆಯ ಜೇಬಿನಿಂದ ಲ್ಯಾಮಿನೇಟ್ ಮಾಡಿದ ಪರವಾನಿಗೆ ತೆಗೆದು ಕೌಂಟರಿನ ಮೇಲೆ ಇಟ್ಟ. ಅದರ ಒಂದು ಮೂಲೆ ಬೆವರಿಗೋ ಬಿಸಿಲಿಗೋ ಸುಲಿದು ಎದ್ದಿತ್ತು. ಆ ಮೂಲೆಯನ್ನು ನೋಡಿ ಮೊಯ್ದೀನ್ ಕುಂಞಿಗೆ ತಡೆಯಲಾಗಲಿಲ್ಲ. ಹೋದರೆ ಕೆಲಸ ಹೋಗಲಿ, ಇನ್ನು ಒಂದು ದಿನವೂ ಇದನ್ನು ಹೊರಲಾರೆ ಎನಿಸಿತು. ಅವರಿಬ್ಬರ ನಡುವೆ ನಡೆಯುತ್ತಿದ್ದದ್ದು ಇಂಗ್ಲಿಷ್, ಹಿಂದಿ, ಅರಬಿ ಮೂರೂ ಕಲಸಿದ ಬಸ್ ಸ್ಟ್ಯಾಂಡ್ ಭಾಷೆ. ಅದರಲ್ಲೇ ಶುರು ಮಾಡಿದ. “ಕ್ವಾಕು ಭಾಯಿ, ನಾನು ಒಂದು ದೊಡ್ಡ ತಪ್ಪು ಮಾಡಿದ್ದೇನೆ.”

“ಕಟ್,” ಎಂದ ಕ್ವಾಕು.

“ಏನು?”

“ಕೈ, ಹಾಜಿ, ಕೈ! ತಪ್ಪು ಒಪ್ಪಿಕೊಳ್ಳುವ ಮನುಷ್ಯನ ಕೈ ಕೀಬೋರ್ಡಿನ ಮೇಲೆ ಇರುತ್ತದಾ? ಕೈ ಎಲ್ಲಿಡಬೇಕು ಎಂದು ಅವನಿಗೇ ಗೊತ್ತಾಗಬಾರದು. ಇನ್ನೊಮ್ಮೆ.”

ಮೋನಪ್ಪ ಗಹಗಹಿಸಿ ನಕ್ಕು ಮೊಬೈಲ್ ತೆಗೆದು ವಿಡಿಯೋ ಮಾಡತೊಡಗಿದ. ಬೆಂಚಿನ ಮೇಲೆ ಸರದಿ ಕಾಯುತ್ತಿದ್ದ ಇಬ್ಬರು ಬಂಗಾಳಿಗಳು ಎದ್ದು ಹತ್ತಿರ ಬಂದರು. ಮೊಯ್ದೀನ್ ಕುಂಞಿಗೆ ನಾಚಿಕೆಯಿಂದ ಕಿವಿ ಬಿಸಿಯಾಯಿತು. ಆದರೂ, ಇದೇನು ಕರ್ಮವೋ, ಅವನ ಕೈ ತಾನಾಗಿ ಕೀಬೋರ್ಡಿನಿಂದ ಎದ್ದು ಗಾಳಿಯಲ್ಲಿ ತಬ್ಬಿಬ್ಬಾಗಿ ನಿಂತಿತು. “ಆ ಕಾಗದ... ಐದು ವರ್ಷದ ಹಿಂದೆ... ನಿನ್ನ ಆ ಕಾಗದವನ್ನು ನಾನು...”

“ಶಾಭಾಷ್, ಕೈ ಸರಿಯಾಯಿತು. ಕಣ್ಣು ಮಾತ್ರ ಬಾಗಿಲ ಕಡೆ ಓಡುತ್ತಿದೆ. ಹೇಳುವುದು ಬಾಗಿಲಿಗಾ, ನನಗಾ?”

“ಎಂತ ಕಾಗದ, ಮೊಯ್ದೀನಾಕ?” ಎಂದ ಮೋನಪ್ಪ. ಅವನು ನಗುವುದು ನಿಂತಿತ್ತು, ಮೊಬೈಲ್ ಸ್ವಲ್ಪ ಕೆಳಗೆ ಇಳಿದಿತ್ತು. “ಬೂದಣ್ಣನ ಆಫರ್ ಲೆಟರಾ? ಅದರಲ್ಲಿ ಎಂತ ಉಂಟು?”

ಮಾತು ಆಡಿದರೆ ಹೋಯಿತು. ಮೊಯ್ದೀನ್ ಕುಂಞಿ ಬಾಯಿ ತೆರೆದ, ತೆರೆದ ಬಾಯಿಯೊಳಗೆ ಸಫೂರಾ, ನಶ್ರಾಳ ಪರೀಕ್ಷೆ, ಇಪ್ಪತ್ತೆಂಟು ವರ್ಷ ಎಲ್ಲ ಒಟ್ಟಿಗೆ ಸಿಕ್ಕಿಕೊಂಡವು. ಆಗ ಕ್ವಾಕು ಕೈ ಚಾಚಿ ಕೌಂಟರಿನ ಮೇಲಿದ್ದ ಇವನ ನೀರಿನ ಲೋಟ ಎತ್ತಿ ಗಟಗಟ ಕುಡಿದು ಕೆಳಗಿಟ್ಟ. ಲೋಟ ಇಟ್ಟ ಶಬ್ದಕ್ಕೆ ಮೋನಪ್ಪ ಅತ್ತ ತಿರುಗಿದ. ಕ್ವಾಕುವಿನ ಬೆರಳು ಕಾಲರಿಗೆ ಹೋಯಿತು. ಅವನು ಒಂದು ಹೆಜ್ಜೆ ಹಿಂದೆ ಇಟ್ಟ, ಏನೋ ನೆನಪಾದವನಂತೆ ಛಾವಣಿ ನೋಡಿದ, ಮೊಣಕಾಲು ಮಡಚಿ, ಬಿಳಿ ಕೋಟಿನ ಅಂಚು ಕೊಳೆಯಾಗದಂತೆ ಒಂದು ಕೈಯಲ್ಲಿ ಹಿಡಿದು, ಟೈಪಿಂಗ್ ಸೆಂಟರಿನ ನೆಲದ ಮೇಲೆ ಸತ್ತ. “ಹೋ, ಬೂದಣ್ಣ! ಶುರು ಆಯ್ತು!” ಎಂದು ಮೋನಪ್ಪ ಮತ್ತೆ ಮೊಬೈಲ್ ಎತ್ತಿದ. ಬಂಗಾಳಿಗಳು ಚಪ್ಪಾಳೆ ತಟ್ಟಿದರು. ಮೊಯ್ದೀನ್ ಕುಂಞಿ ಮನಸ್ಸಿನಲ್ಲೇ ಎಣಿಸಿದ. ಇಪ್ಪತ್ತು ಬಂತು. ಮೂವತ್ತೂ ಆಯಿತು. ಚಪ್ಪಾಳೆ ತೆಳ್ಳಗಾಗಿ ನಿಂತುಹೋಯಿತು. ನಲವತ್ತಕ್ಕೆ ಅವನು ಕೌಂಟರಿನ ಹಲಗೆ ಎತ್ತಿ ಹೊರಗೆ ಬಂದ. ಅಂದು ಮನೆಯಲ್ಲಿ ಬಾರದ ಕಾಲು ಇಂದು ಬಂತು. ಪಕ್ಕದಲ್ಲಿ ಮಂಡಿಯೂರಿ ಬಗ್ಗಿದಾಗ ಹೆಣದ ತುಟಿ ಕೂದಲೆಳೆಯಷ್ಟು ಅಲುಗಿತು.

“ಈಗ ಹೇಳು, ಹಾಜಿ. ಹೆಣಕ್ಕೆ ಹೇಳಿದ್ದು ಇನ್ನೊಬ್ಬರಿಗೆ ಕೇಳಿಸುವುದಿಲ್ಲ. ಇಲ್ಲಿಂದ ಡೈಲಾಗ್ ನಿನ್ನದು.”

ಮೊಯ್ದೀನ್ ಕುಂಞಿ ಅವನ ಕಿವಿಗೆ ಬಾಯಿ ಹಚ್ಚಿದ. ಹಿಂದೆ ನಿಂತವರಲ್ಲಿ ಒಬ್ಬ “ಕಲಿಮಾ, ಕಲಿಮಾ” ಎಂದು ಪಿಸುಗುಟ್ಟಿದ. ಬಂಗಾಳಿಗಳಿಬ್ಬರೂ ಕರವಸ್ತ್ರ ತಲೆಗೆ ಹಾಕಿಕೊಂಡು ಕೈಯೆತ್ತಿದರು. ಮೋನಪ್ಪ ಮೊಬೈಲ್ ಜೇಬಿಗೆ ಹಾಕಿ ಚಪ್ಪಲಿ ಕಳಚಿದ. ಆ ನಿಶ್ಶಬ್ದದಲ್ಲಿ ಮೊಯ್ದೀನ್ ಕುಂಞಿ ಹೇಳಿದ. ಬಸ್ ಸ್ಟ್ಯಾಂಡ್ ಭಾಷೆಯಲ್ಲಿ ಅಲ್ಲ, ತನ್ನ ಉಮ್ಮನಿಂದ ಕಲಿತ ಬ್ಯಾರಿ ಮಾತಿನಲ್ಲಿ. ಮುಮಸ್ಸಿಲ್ ಎಂಬ ಪದ, ಧಾರಾವಾಹಿ, ಹೆಂಡತಿಯ ಎದುರು ಮಾಡಿದ ಜಂಬ, ಸೀಲಿನ ಅಡಿಗೆ ಹೋದ ಇನ್ನೊಂದು ಪದ, ಟೈರ್ ಕಂಪನಿಯವನ ನೋಟ, ಗೊತ್ತಾದ ಮೇಲೂ ಬಾಯಿಮುಚ್ಚಿ ಕೂತ ಐದು ವರ್ಷ. ಒಂದನ್ನೂ ಬಿಡಲಿಲ್ಲ. ಕೊನೆಗೆ ಪಾರ್ಕಿಂಗಿನಲ್ಲಿ ನಿಂತು ಉಪ್ಪನಿಗೆ ಹೇಳಿದ, ಅರ್ಧಕ್ಕೆ ಕಟ್ ಆದ ಫೋನಿನ ವಿಷಯವನ್ನೂ ಹೇಳಿದ. ಅದು ಕ್ವಾಕುವಿಗೆ ಸಂಬಂಧಪಟ್ಟದ್ದಲ್ಲ ಎಂದು ಗೊತ್ತಿದ್ದೂ ಹೇಳಿದ. ಕಣ್ಣೀರು ಮೂಗಿನ ತುದಿಯಿಂದ ಬಿಳಿ ಕಾಲರಿನ ಮೇಲೆ ಬಿತ್ತು. ಎದೆ ಖಾಲಿಯಾಗಿ ಹಗುರವಾಯಿತು. ಆಗ ಹೆಣ ಎದ್ದು ಕೂತು ಮೊಣಕೈ ಕೊಡವಿಕೊಂಡಿತು.

“ನಲವತ್ತೆರಡು,” ಎಂದ ಕ್ವಾಕು. “ಮನೆಗಳಲ್ಲಿ ಸತ್ತದ್ದನ್ನು ಸೇರಿಸುವುದಿಲ್ಲ, ಅದು ವ್ಯಾಪಾರ.”

“ನನ್ನ ಜೀವವೇ ಹೋಯ್ತು ಮಾರಾಯಾ!” ಎಂದು ಮೋನಪ್ಪ ಎದೆ ನೀವಿಕೊಂಡು, “ಅಲ್ಲ ಮೊಯ್ದೀನಾಕ, ನೀವು ಅಳುವುದು ನೋಡಿ ನಾನೂ ನಿಜ ಅಂತ ಗ್ರಹಿಸಿದೆ. ನಿಮ್ಮನ್ನು ನಮ್ಮ ಊರವರ ಸಂಘದ ನಾಟಕಕ್ಕೆ ಹಾಕ್ಬೇಕು,” ಎಂದ. ಕಾಗದದ ಮಾತು ಅವನಿಗೆ ಮರೆತೇಹೋಗಿತ್ತು. ಹೊರಗೆ ಹಾರ್ನ್ ಕೇಳಿ, ಗಾಡಿಯನ್ನು ಯಾರದೋ ಗೇಟಿಗೆ ಅಡ್ಡ ನಿಲ್ಲಿಸಿದ್ದು ನೆನಪಾಗಿ, ಒಂದೇ ಕಾಲಿಗೆ ಚಪ್ಪಲಿ ಸಿಕ್ಕಿಸಿಕೊಂಡು ಓಡಿದ. ಬಂಗಾಳಿಗಳು ಬೆಂಚಿಗೆ ಮರಳಿದರು. ಮೊಯ್ದೀನ್ ಕುಂಞಿ ಕೌಂಟರಿನ ಹಿಂದೆ ಹೋಗಿ ಕೂತ. ಒಂದು ಗಂಟೆಗೆ ಹದಿನೆಂಟು ನಿಮಿಷವಿತ್ತು.

“ನಾನು ಹೇಳಿದ್ದು ಅರ್ಥವಾಯಿತಾ?” ಎಂದು ಕೇಳಿದ.

“ಒಂದೇ ಪದ. ಮುಮಸ್ಸಿಲ್. ನಾಲ್ಕು ಸಲ ಬಂತು.”

“ಹಾಗಾದರೆ ನಿನಗೆ ಗೊತ್ತಿತ್ತಾ? ಯಾವಾಗಿನಿಂದ?”

“ಏರ್‌ಪೋರ್ಟಿನಿಂದ. ನನ್ನನ್ನು ಕರೆದೊಯ್ಯಲು ಬಂದ ವ್ಯಾನಿನ ಮೇಲೆ ಇಷ್ಟು ದೊಡ್ಡ ನಲ್ಲಿಯ ಚಿತ್ರವಿತ್ತು, ಹಾಜಿ. ನಾನು ನಟ, ಕತ್ತೆಯಲ್ಲ.”

“ಹೇಳಲಿಲ್ಲ ಯಾಕೆ?”

ಕ್ವಾಕು ಲ್ಯಾಮಿನೇಟಿನ ಎದ್ದ ಮೂಲೆಯನ್ನು ಹೆಬ್ಬೆರಳಿನಿಂದ ಒತ್ತಿದ. “ಹೇಳಿದ್ದರೆ ನೀನು ಸರಿಮಾಡಿಬಿಡುತ್ತಿದ್ದೆ.”

ಮೊಯ್ದೀನ್ ಕುಂಞಿಗೆ ಸಿಟ್ಟು ಬಂತು. ಐದು ವರ್ಷ ನಮಾಝಿನಲ್ಲೂ ನಿದ್ದೆಯಲ್ಲೂ ತಾನು ಹೊತ್ತ ಪಾಪ ಈ ಮನುಷ್ಯನ ಎದೆಯ ಜೇಬಿನಲ್ಲಿ ಪ್ಲಾಸ್ಟಿಕ್ ಹೊದ್ದು ಹಾಯಾಗಿ ಮಲಗಿತ್ತು. ಮೋಸ ಹೋದದ್ದು ತಾನೇ ಎನಿಸಿತು. ಆದರೆ ಸಿಟ್ಟು ಎಷ್ಟು ಹೊತ್ತು ನಿಂತೀತು? ಕೌಂಟರಿನ ಆಚೆ ನಿಂತವನು ಒಂದು ಪದಕ್ಕಾಗಿ ಸಾವಿರ ಮನೆಗಳ ನೆಲದ ಮೇಲೆ ಸತ್ತು ಎದ್ದವನು, ಈಗಷ್ಟೇ ಮೊಯ್ದೀನ್ ಕುಂಞಿಯ ಕೆಲಸ ಉಳಿಸಲು ಇನ್ನೊಮ್ಮೆ ಸತ್ತವನು. ಅವನ ಕಾಲರಿನ ಮೇಲೆ ತನ್ನ ಕಣ್ಣೀರು ಇನ್ನೂ ಒದ್ದೆಯಾಗಿತ್ತು. ಮೊಯ್ದೀನ್ ಕುಂಞಿಗೆ ಅವನ ಮೇಲೆ ತುಂಬ ಪ್ರೀತಿ ಬಂತು. ಹೇಗೆ ತೋರಿಸುವುದೆಂದು ತಿಳಿಯದೆ ಪರದೆ ಒರೆಸಿದ. ಅರಬಿ ಪಟ್ಟಿಯಲ್ಲಿ ಎರಡನೆಯದನ್ನು ಒತ್ತಿದ: ಮುಮಸ್ಸಿಲ್, ಮಾರಾಟ. ಕೆಳಗಿನ ಇಂಗ್ಲಿಷ್ ಸಾಲಿನಲ್ಲಿ ಕರ್ಸರ್ ಮಿಟುಕುತ್ತ ನಿಂತಿತು.

“ಹಾಜಿ,” ಎಂದ ಕ್ವಾಕು. ಅವನ ಸ್ವರ ಮೊದಲ ಸಲ ನಟನದಾಗಿರಲಿಲ್ಲ. “ಮೇಲಿನದು ಅವರಿಗೆ, ಇರಲಿ. ಕೆಳಗೆ, ನೀನು ಮೊದಲು ಮಾಡಿದ್ದನ್ನೇ...” ಮುಂದಿನ ಮಾತು ಅವನಿಗೆ ಸಿಗಲಿಲ್ಲ. ನಲವತ್ತೊಂದು ಸಿನಿಮಾಗಳಲ್ಲಿ ಅವನಿಗೆ ಅಭ್ಯಾಸವಿದ್ದದ್ದು ಅಷ್ಟೇ.

ಅಂದು ಮಾಡಿದ್ದು ತಿಳಿಯದೆ, ಕೇಳಿದರೆ ತಿಳಿಯಲಿಲ್ಲ ಎನ್ನಬಹುದಿತ್ತು. ಇಂದು ಬರೆಯುವ ಸಾಲನ್ನು ಎಂದಾದರೂ ಯಾರಾದರೂ ಓದಿದರೆ ಹೇಳಿಕೊಳ್ಳಲು ಅದೂ ಉಳಿಯುವುದಿಲ್ಲ. ಮೊಯ್ದೀನ್ ಕುಂಞಿ ಬಾಗಿಲ ಕಡೆ ನೋಡಿದ, ಮೋನಪ್ಪ ಇನ್ನೂ ಬಂದಿರಲಿಲ್ಲ. ಕನ್ನಡಕ ಸರಿಮಾಡಿಕೊಂಡು, ತೋರುಬೆರಳಿನಿಂದ ಒಂದೊಂದೇ ಅಕ್ಷರ ಹುಡುಕಿ, ಅದೇ ತಪ್ಪನ್ನು, ಈ ಸಲ ಒಂದಕ್ಷರವೂ ತಪ್ಪದೆ, ಟೈಪ್ ಮಾಡಿದ.